ಚಂಡೆ ನಿಂತಾಗ ಎಚ್ಚರ

ಮನೆಯವರ ವಾಟ್ಸಾಪ್ ಗುಂಪಿಗೆ ಮೊನ್ನೆ ಯಾರೋ ಒಂದು ಯಕ್ಷಗಾನದ ತುಣುಕು ಹಾಕಿದರು. ಒಂದು ನಿಮಿಷವೂ ಇಲ್ಲ. ಹಾಸ್ಯಗಾರ ದೂತನ ವೇಷದಲ್ಲಿ ಬರುತ್ತಾನೆ, ರಾಜನ ಎದುರು ನಿಂತು ಒಂದು ಮಾತು ಹೇಳುತ್ತಾನೆ, ಜನ ನಗುವುದು ಕೇಳುತ್ತದೆ, ಅಲ್ಲಿಗೆ ವಿಡಿಯೊ ಮುಗಿಯಿತು. ಕೆಳಗೆ ಸಾಲಾಗಿ ಕಣ್ಣೀರು ಬರುವಷ್ಟು ನಗುವ ಮುಖಗಳು. ನಾನೂ ಒಂದು ಹಾಕಿದೆ. ಸುಳ್ಳು. ನನಗೆ ನಗು ಬಂದಿರಲಿಲ್ಲ.

ನಗು ಬರದಿದ್ದರೆ ಏನೀಗ ಅಂತ ಬಿಟ್ಟುಬಿಡಬಹುದಿತ್ತು. ಆದರೆ ಅದೇ ಹಾಸ್ಯಗಾರರು ಹೆಚ್ಚುಕಡಿಮೆ ಅದೇ ಮಾತು ಹೇಳಿದ್ದನ್ನು ನಾನು ಐದನೇ ಕ್ಲಾಸಿನಲ್ಲಿದ್ದಾಗ ಒಂದು ಗದ್ದೆಯಲ್ಲಿ ಕೂತು ಕೇಳಿದ್ದೇನೆ. ಅವತ್ತು ಹೊಟ್ಟೆ ಹಿಡಿದುಕೊಂಡು ನಕ್ಕು ಚಾಪೆಯಿಂದ ಹೊರಗೆ ಉರುಳಿದ್ದೆ. ಮಾತು ಇಷ್ಟೇ. ರಕ್ಕಸ ರಾಜ ಮೀಸೆ ತಿರುವಿ, "ಎಲವೋ ದೂತಾ, ನಮ್ಮ ರಾಜ್ಯದಲ್ಲಿ ಪ್ರಜೆಗಳೆಲ್ಲ ಹೇಗಿದ್ದಾರೆ?" ಎಂದು ಗುಡುಗುತ್ತಾನೆ. ದೂತ ಉತ್ತರ ಕೊಡುವುದಿಲ್ಲ. ರಂಗಸ್ಥಳದ ಅಂಚಿಗೆ ಬಂದು, ಹುಬ್ಬಿಗೆ ಕೈ ಅಡ್ಡ ಹಿಡಿದು, ಗದ್ದೆಯನ್ನು ಈ ತುದಿಯಿಂದ ಆ ತುದಿಯವರೆಗೆ ನಿಧಾನಕ್ಕೆ ನೋಡುತ್ತಾನೆ. ಆಮೇಲೆ ತುಟಿ ಮೇಲೆ ಬೆರಳಿಟ್ಟುಕೊಂಡು ರಾಜನ ಕಿವಿಯ ಹತ್ತಿರ ಹೋಗಿ, "ಮೆಲ್ಲಗೆ ಮಾತಾಡಿ ಸ್ವಾಮೀ. ಎಲ್ಲರೂ ಸುಖವಾಗಿ ನಿದ್ದೆ ಮಾಡ್ತಾ ಇದ್ದಾರೆ" ಅನ್ನುತ್ತಾನೆ.

ಓದುವಾಗ ನಿಮಗೂ ಅಷ್ಟೇನೂ ನಗು ಬರಲಿಲ್ಲ, ಅಲ್ವಾ? ಅದೇ ನನ್ನ ತಲೆ ತಿನ್ನುತ್ತಿರುವುದು.

ಗದ್ದೆಯ ನಿದ್ದೆ

ಅವತ್ತಿನದು ಹರಕೆ ಆಟ, ಅಂದರೆ ಹರಕೆ ಹೊತ್ತವರು ಆಡಿಸುವ ಯಕ್ಷಗಾನ. ಕೊಯ್ಲು ಮುಗಿದ ಗದ್ದೆಯಲ್ಲಿ ರಂಗಸ್ಥಳ ಹಾಕಿದ್ದರು. ಆಟ ಉಂಟು ಅಂತ ಸಾರಲು ಸಂಜೆಯೇ "ಕೇಳಿ" ಬಡಿದದ್ದು ನಮ್ಮ ಮನೆಗೆ ಕೇಳಿಸಿತ್ತು. ಅಮ್ಮ ಬೇಗ ಊಟ ಹಾಕಿ, ಎರಡು ಚಾಪೆ, ಒಂದು ಹೊದಿಕೆ, ಅಜ್ಜನ ಟಾರ್ಚು ಹಿಡಿದುಕೊಂಡು ಹೊರಡಿಸಿದ್ದರು. ಚರುಂಬುರಿಯವನ ಗಾಡಿ, ಕಡಲೆಯವನ ಬುಟ್ಟಿ, ಅಲ್ಲಲ್ಲಿ ಗ್ಯಾಸ್‌ಲೈಟು. ಕೂಳೆ ಚಾಪೆಯ ಅಡಿಯಿಂದ ಬೆನ್ನಿಗೆ ಚುಚ್ಚುತ್ತಿತ್ತು. ಬೆಳಗಿನ ತನಕ ಎಚ್ಚರ ಇದ್ದೇ ಇರುತ್ತೇನೆ ಅಂತ ಪ್ರತಿಸಲದಂತೆ ಅವತ್ತೂ ಶಪಥ ಮಾಡಿದ್ದೆ. ಪ್ರತಿಸಲದಂತೆ ಅವತ್ತೂ ಹನ್ನೊಂದೂವರೆಗೆಲ್ಲ ಬಿದ್ದುಕೊಂಡೆ.

ಬಯಲಾಟದಲ್ಲಿ ಮಲಗುವುದು ಅವಮಾನ ಅಲ್ಲ, ಇದನ್ನು ಕರಾವಳಿಯ ಹೊರಗಿನವರಿಗೆ ವಿವರಿಸಲು ನಾನು ಎಷ್ಟೋ ಸಲ ಸೋತಿದ್ದೇನೆ. ಸಿನಿಮಾದಲ್ಲಿ ನಿದ್ದೆ ಮಾಡಿದರೆ ಸಿನಿಮಾ ಚೆನ್ನಾಗಿಲ್ಲ ಅಂತ ಅರ್ಥ. ಆಟದಲ್ಲಿ ಹಾಗಲ್ಲ. ಕತೆ ಎಲ್ಲರಿಗೂ ಗೊತ್ತು. ಮಲಗಿದರೂ ಏನೂ ತಪ್ಪಿಹೋಗುವುದಿಲ್ಲ, ಎದ್ದಾಗ ಎಲ್ಲಿಗೆ ಬಂದಿದೆ ಅಂತ ಪಕ್ಕದವರನ್ನು ಕೇಳಿದರೆ ಆಯಿತು. "ದೇವಿ ಮಹಾತ್ಮೆ" ಆದರೆ ಮನೆಯಲ್ಲೇ ಹೇಳಿಟ್ಟು ಬರುತ್ತಿದ್ದೆವು: ಮಹಿಷಾಸುರ ಬರುವಾಗ ಎಬ್ಬಿಸಿ. ಆದರೆ ಎಬ್ಬಿಸುವುದೇ ಬೇಡ. ಮಹಿಷ ಬರುವುದು ಸಭೆಯ ಹಿಂದಿನಿಂದ, ಜನರ ನಡುವಿನಿಂದ. ದೊಂದಿಗೆ ರಾಳದ ಪುಡಿ ಎರಚಿ ಬೆಂಕಿ ಭುಗಿಲ್ ಅನ್ನಿಸುತ್ತಾ, ಕೂಗುತ್ತಾ ಬರುತ್ತಾನೆ. ಸತ್ತವರೂ ಏಳಬೇಕು. ನಾನು ಅಮ್ಮನ ಸೆರಗಿನೊಳಗೆ ತಲೆ ಹಾಕಿಕೊಂಡು ನೋಡುತ್ತಿದ್ದೆ. ನೋಡಿದೆ ಅನ್ನುವುದಕ್ಕಿಂತ ನೋಡದೆ ಇದ್ದೆ ಅನ್ನುವುದೇ ಸರಿ.

ಆದರೆ ಹಾಸ್ಯಗಾರ ಬಂದಾಗ ಎಚ್ಚರಾಗುವ ರೀತಿ ಬೇರೆ. ಅವತ್ತು ಏನಾಯಿತು ಅಂದರೆ, ನಿದ್ದೆಯಲ್ಲೇ ಚಂಡೆ ಕೇಳುತ್ತಿತ್ತು. ದೊಡ್ಡ ಯುದ್ಧ ನಡೆದಿರಬೇಕು. ತೆಂಕುತಿಟ್ಟಿನ, ಅಂದರೆ ದಕ್ಷಿಣದ ಶೈಲಿಯ, ಚಂಡೆ ಹತ್ತಿರದಿಂದ ಕೇಳಿದವರಿಗೆ ಗೊತ್ತು, ಅದು ಎದೆಯ ಗೂಡಿಗೇ ಬಡಿಯುತ್ತದೆ. ಅಂಥ ಸದ್ದಿನಲ್ಲಿ ನಾನು ಬಾಯಿ ಬಿಟ್ಟುಕೊಂಡು ಮಲಗಿದ್ದೆ. ಆಮೇಲೆ ಒಮ್ಮೆಲೆ ಕಣ್ಣು ಬಿಟ್ಟೆ. ಯಾಕೆ ಅಂತ ಗೊತ್ತಾಗಲಿಲ್ಲ. ಯಾರೂ ಅಲುಗಾಡಿಸಿರಲಿಲ್ಲ. ಆಕಾಶ ಕಾಣುತ್ತಿತ್ತು, ತುಂಬ ನಕ್ಷತ್ರ, ಮುಖದ ಮೇಲೆ ಇಬ್ಬನಿ. ಎಲ್ಲೋ ಒಂದು ಮಗು ಕೆಮ್ಮಿತು. ಅದು ಕೇಳಿಸಿತು. ಅಂದರೆ ಚಂಡೆ ನಿಂತಿತ್ತು.

ಎದ್ದು ಕೂತೆ. ರಂಗಸ್ಥಳದಲ್ಲಿ ಒಬ್ಬನೇ ಒಬ್ಬ. ಕಿರೀಟ ಇಲ್ಲ, ಭುಜಕೀರ್ತಿ ಇಲ್ಲ. ತಲೆಗೊಂದು ಟೊಪ್ಪಿ, ಮೊಣಕಾಲ ಮೇಲಿನ ಬಟ್ಟೆ, ಮುಖಕ್ಕೆ ಅಲ್ಲಲ್ಲಿ ಸ್ವಲ್ಪ ಬಣ್ಣ. ರಾಜ ಕೂರುವ ರಥದ ಪಕ್ಕ ನಿಂತು ಅವನು ಆಕಳಿಸುತ್ತಿದ್ದ. ಸುಮ್ನೆ ಬಾಯಿ ತೆರೆದದ್ದಲ್ಲ, ಪೂರ್ತಿ ಆಕಳಿಕೆ, ಕಣ್ಣಲ್ಲಿ ನೀರು ಬರುವಂಥದ್ದು, ಮೈಯೆಲ್ಲ ಮುರಿದು, ಬೆರಳಿನ ತುದಿಯವರೆಗೆ ಹೋಗಿ ನಿಂತದ್ದು. ನನಗೂ ಆಕಳಿಕೆ ಬಂತು. ಪಕ್ಕದ ಚಾಪೆಯ ಹೆಂಗಸಿಗೂ ಬಂತು. ಅವಳನ್ನು ನೋಡಿ ಅಮ್ಮನಿಗೆ. ಗದ್ದೆಯಲ್ಲಿ ಆಕಳಿಕೆ ಹೀಗೆ ಹಿಂದಕ್ಕೆ ಹಿಂದಕ್ಕೆ ಹೋದದ್ದು ನನಗೆ ಇವತ್ತಿಗೂ ಕಾಣುತ್ತದೆ. ಪದ್ಯ ಹಾಡಿ ಆಟ ನಡೆಸುವ ಭಾಗವತರು, "ಏನು ದೂತಾ, ಅರಮನೆಗೆ ಆಕಳಿಸ್ತಾ ಬರುವುದಾ?" ಎಂದು ಕೇಳಿದರು. ಆಗ ಮೊದಲ ನಗು. ಆಮೇಲೆ ರಾಜ ಬಂದ, ಪ್ರಜೆಗಳು ಹೇಗಿದ್ದಾರೆ ಅಂತ ಕೇಳಿದ, ದೂತ ಅಂಚಿಗೆ ಬಂದು ನೋಡಿದ. ನಮ್ಮನ್ನು. ಅರ್ಧ ಗದ್ದೆ ಇನ್ನೂ ಮಲಗಿತ್ತು. ಅವನು ತುಟಿಗೆ ಬೆರಳಿಟ್ಟುಕೊಂಡದ್ದೇ ಎದ್ದವರೆಲ್ಲ ಮಲಗಿದವರನ್ನು ನೋಡಿ ನಗಲು ಶುರು ಮಾಡಿದರು, ಆ ನಗುವಿಗೆ ಮಲಗಿದವರು ಎದ್ದು ಏನು ಏನು ಅಂತ ಕೇಳಿದರು, ಅದನ್ನು ನೋಡಿ ಮತ್ತೆ ನಗು. ನಮ್ಮ ದೊಡ್ಡಪ್ಪ ಎದ್ದವರೇ "ಮುಗಿಯಿತಾ?" ಅಂತ ಚಾಪೆ ಸುತ್ತಲು ಹೊರಟದ್ದು ನಮ್ಮ ಮನೆಯಲ್ಲಿ ಹತ್ತು ವರ್ಷ ನಡೆದ ತಮಾಷೆ.

ಮಹಿಷಾಸುರ ಸದ್ದು ಮಾಡಿ ಎಬ್ಬಿಸುತ್ತಾನೆ. ಹಾಸ್ಯಗಾರ ಸದ್ದು ನಿಲ್ಲಿಸಿ ಎಬ್ಬಿಸುತ್ತಾನೆ. ರಾತ್ರಿ ಬಸ್ಸಿನಲ್ಲಿ ಹೋಗುವಾಗ ಓಡುವ ತನಕ ನಿದ್ದೆ, ಬಸ್ಸು ನಿಂತ ತಕ್ಷಣ ಎಚ್ಚರ ಆಗುತ್ತದಲ್ಲ, ಹಾಗೆ. ಇದು ನನಗೆ ಹೊಳೆದದ್ದು ಆ ವಿಡಿಯೊ ನೋಡಿ ಎರಡು ದಿನ ತಲೆ ಕೆರೆದುಕೊಂಡ ಮೇಲೆ. ಹೊಳೆದದ್ದು ಸರಿಯೋ ತಪ್ಪೋ ಕೇಳಬೇಕು ಅನ್ನಿಸಿತು. ಹಾಸ್ಯಗಾರರು ಇದ್ದಾರೆ, ಅರವತ್ತು ದಾಟಿದೆ, ಈಗ ಮೇಳದ (ಯಕ್ಷಗಾನ ತಂಡದ) ಜೊತೆ ಊರೂರು ಸುತ್ತುವ ಖಾಯಂ ತಿರುಗಾಟ ಬಿಟ್ಟು ಅಲ್ಲಲ್ಲಿ ಅತಿಥಿಯಾಗಿ ವೇಷ ಮಾಡುತ್ತಾರೆ. ಊರಿಗೆ ಹೋದಾಗ, ರಾತ್ರಿಯಿಡೀ ನಡೆಯದೆ ಕೆಲವೇ ಗಂಟೆಗಳಲ್ಲಿ ಮುಗಿಯುವ ಒಂದು ಕಾಲಮಿತಿ ಆಟದಲ್ಲಿ ಅವರಿದ್ದಾರೆ ಅಂತ ಗೊತ್ತಾಗಿ ಹೋದೆ.

ಚೌಕಿಯ ಮೂಲೆ

ಅವತ್ತಿನ ಆಟ ಸಭಾಭವನದಲ್ಲಿ. ಪ್ಲಾಸ್ಟಿಕ್ ಕುರ್ಚಿ, ಫ್ಯಾನು, ಹೊರಗೆ ಪಾರ್ಕಿಂಗ್. ಹಾಸ್ಯ ಬಂದದ್ದು ರಾತ್ರಿ ಎಂಟೂವರೆಗೆ. ಎಂಟೂವರೆಗೆ ಯಾರಿಗೆ ನಿದ್ದೆ ಬರುತ್ತದೆ? ಎಲ್ಲರೂ ಎಚ್ಚರ, ಅರ್ಧ ಜನರ ಕೈಯಲ್ಲಿ ಫೋನು ಎತ್ತಿ ಹಿಡಿದದ್ದು. ಅವರು ಬಂದರು, ಆಕಳಿಸಿದರು. ಆಕಳಿಕೆ ಅಷ್ಟೇ ಚೆನ್ನಾಗಿತ್ತು. ಜನ ನಕ್ಕರು ಕೂಡ, ಗೊತ್ತಿರುವ ಹಾಡಿನ ಪಲ್ಲವಿ ಬಂದಾಗ ತಲೆ ಆಡಿಸುತ್ತೇವಲ್ಲ, ಆ ರೀತಿ. ಹಿಂದಕ್ಕೆ ಆಕಳಿಕೆ ಹೋಗಲಿಲ್ಲ. ನಾನು ತಿರುಗಿ ನೋಡಿದೆ.

ಆಟ ಮುಗಿದ ಮೇಲೆ ವೇಷಧಾರಿಗಳು ಬಣ್ಣ ಹಚ್ಚುವ ಚೌಕಿಗೆ ಹೋದೆ. ಅವರು ಮೂಲೆಯಲ್ಲಿ ಚಾಪೆ ಮೇಲೆ ಕೂತು ತೆಂಗಿನೆಣ್ಣೆ ಹಚ್ಚಿ ಬಣ್ಣ ತೆಗೆಯುತ್ತಿದ್ದರು. ಗುರುತು ಹೇಳಿದೆ, ಊರು ಹೇಳಿದೆ. "ಓ, ಆ ಗದ್ದೆ. ಅಲ್ಲಿ ಈಗ ಲೇಔಟ್ ಆಗಿದೆ ಮಾರಾಯ್ರೆ" ಅಂದರು. ನಾನು ಹೊರಗೆ ಹೋಗಿ ಎಷ್ಟು ವರ್ಷ ಆಯಿತು, ನನಗೇ ಗೊತ್ತಿರಲಿಲ್ಲ.

ಅವರು ಮೇಳ ಸೇರಿದ್ದು ಹದಿನಾಲ್ಕನೇ ವಯಸ್ಸಿಗೆ, ಏಳನೇ ಕ್ಲಾಸು ಬಿಟ್ಟು. ತಾಯಿ ಬೀಡಿ ಕಟ್ಟುತ್ತಿದ್ದರಂತೆ. ಮನೆಯಲ್ಲಿ ಒಂದು ಬಾಯಿ ಕಡಿಮೆಯಾದರೆ ಅಷ್ಟೇ ಲಾಭ. ಮೇಳದಲ್ಲಿ ಊಟ ಉಂಟಲ್ಲ. ಮೊದಲು ನಿತ್ಯವೇಷ: ಕೋಡಂಗಿ, ಆಮೇಲೆ ಬಾಲಗೋಪಾಲ. ಕೋಡಂಗಿ ಕುಣಿಯುವ ಹೊತ್ತಿಗೆ ಜನ ಇನ್ನೂ ಮನೆಯಲ್ಲಿ ಊಟಕ್ಕೆ ಕೂತಿರುತ್ತಾರೆ. "ನಮ್ಮನ್ನು ನೋಡ್ಲಿಕ್ಕೆ ಇದ್ದದ್ದು ಎರಡು ನಾಯಿ. ಅದರಲ್ಲಿ ಒಂದು ಮಲಗಿರ್ತಿತ್ತು" ಅಂದರು. (ಇಂಥದ್ದನ್ನು ಅವರು ಹೇಳುವಾಗ ಮುಖ ಅಲುಗುವುದೇ ಇಲ್ಲ. ನಗಬೇಕೋ ಬೇಡವೋ ಅಂತ ನಾವು ಒದ್ದಾಡಬೇಕು.) ಹಾಗೆ ಶುರು ಮಾಡಿ, ರಾತ್ರಿ ಪೂರ್ತಿ ಪರದೆಯ ಹಿಂದೆ ಕೂತು ದೊಡ್ಡವರ ವೇಷ ನೋಡಿ ನೋಡಿ ಕಲಿಯುವುದು. ಯಕ್ಷಗಾನದಲ್ಲಿ ಬರೆದದ್ದು ಪದ್ಯ ಮಾತ್ರ. ಮಾತೆಲ್ಲ ಆಡುವವನದ್ದೇ. ರಾಜನಿಗಾದರೂ ಪದ್ಯದ ಅರ್ಥ ಒಂದು ಆಧಾರ. ದೂತನಿಗೆ ಎಷ್ಟೋ ಸಲ ಪದ್ಯವೂ ಇರುವುದಿಲ್ಲ.

ಮೊದಲ ಹಾಸ್ಯದ ಕತೆ ಹೇಳಿದರು. ಮೇಳದ ಹಿರಿಯ ಹಾಸ್ಯಗಾರರಿಗೆ ಜ್ವರ ಬಂದು, ಭಾಗವತರು ಇವರನ್ನು ಕರೆದು "ನೀನು ಹೋಗು" ಅಂದರಂತೆ. ಹತ್ತೊಂಬತ್ತು ವರ್ಷ. ಹಿರಿಯರ ಮಾತೆಲ್ಲ ಬಾಯಿಪಾಠ ಇತ್ತು. ಅವರ ದನಿ, ಅವರ ಕೊಂಕು, ಅವರ ಕೆಮ್ಮು ಕೂಡ. ಎಲ್ಲ ಹಾಗೇ ಒಪ್ಪಿಸಿದರು. ಒಬ್ಬರೂ ನಗಲಿಲ್ಲ. "ಕೆಮ್ಮಿಗೆ ಮಾತ್ರ ಯಾರೋ ಒಬ್ಬರು ಕೆಮ್ಮಿದರು." ಹುಡುಗ ಬೆವರುವುದನ್ನು ನೋಡಿ ಭಾಗವತರು ಕೈ ಹಿಡಿಯಲು ಒಂದು ಸುಲಭದ ಪ್ರಶ್ನೆ ಕೇಳಿದರಂತೆ: "ದೂತಾ, ನಿನ್ನ ಹೆಸರೆಂತ?" ಇವರಿಗೆ ಹೆಸರು ಮರೆತುಹೋಯಿತು. ನಿಜವಾಗಿ ಮರೆತುಹೋಯಿತು. ಬಾಯಿ ತೆರೆದು ಮುಚ್ಚಿ, ತಲೆ ಕೆರೆದು, ಕೊನೆಗೆ ಚೌಕಿ ಕಡೆ ತಿರುಗಿ "ಅಣ್ಣಾ, ನನ್ನ ಹೆಸರೆಂತ?" ಅಂತ ಕೂಗಿದರಂತೆ. ಸಭೆ ಬಿದ್ದು ಬಿದ್ದು ನಕ್ಕಿತು. ಬೆಳಿಗ್ಗೆ ಕಾಲು ಹಿಡಿಯಲು ಹೋದರೆ ಭಾಗವತರು ಹೇಳಿದ್ದು ಒಂದೇ ಮಾತು, "ಇವತ್ತು ಮರೆತದ್ದು ನಾಳೆಯೂ ನೆನಪಿರಲಿ." ಆಮೇಲೆ ನಲವತ್ತು ವರ್ಷ ಅವರು ಆ ಹೆಸರು ಮರೆಯುತ್ತಲೇ ಬಂದರು. ಪ್ರತಿ ರಾತ್ರಿ ಹೊಸದಾಗಿ ಮರೆಯುವುದು ಎಷ್ಟು ಕಷ್ಟ ಅಂತ ಯೋಚಿಸಿ ನೋಡಿ.

ದೀಪಾವಳಿ ಆದ ಮೇಲೆ ಗೆಜ್ಜೆ ಕಟ್ಟಿದರೆ ಬಿಚ್ಚುವುದು ಮೇ ಕೊನೆಗೆ, ಪತ್ತನಾಜೆಯ ದಿನ. ಆರು ತಿಂಗಳು, ದಿನವೂ ಒಂದು ಊರು. ಲೆಕ್ಕ ಹಾಕಿದರೆ ವರ್ಷಕ್ಕೆ ನೂರ ಎಂಬತ್ತರ ಹತ್ತಿರ ಹತ್ತಿರ ರಾತ್ರಿ. ಬೆಳಿಗ್ಗೆ ಮಂಗಳ ಆಗಿ, ಬಣ್ಣ ತೆಗೆದು, ಮುಂದಿನ ಊರಿಗೆ ಹೋಗಿ, ಶಾಲೆಯ ಜಗಲಿಯೋ ದೇವಸ್ಥಾನದ ಛತ್ರವೋ ಸಿಕ್ಕಿದಲ್ಲಿ ಮಲಗುವುದು. ಹಗಲು ಮಲಗಿದ ನಿದ್ದೆ ನಿದ್ದೆಯಲ್ಲ ಅನ್ನುತ್ತಾರೆ ಅವರು, ಅದು ಕಣ್ಣು ಮುಚ್ಚಿಕೊಂಡು ಕಾಯುವುದು. ಮಳೆಗಾಲಕ್ಕೆ ಮನೆ. ಆಗ ಅವರೂ ಹೆಂಡತಿಯ ಜೊತೆ ಕೂತು ಬೀಡಿ ಕಟ್ಟುತ್ತಿದ್ದರು. ಕೆಲವು ವರ್ಷ ಚಿಕ್ಕ ಮೇಳದಲ್ಲಿ ಮನೆಮನೆಗೆ ಹೋಗಿ ಕುಣಿದರು. ಮಳೆಗಾಲದಲ್ಲಿ ಕೈ ಖಾಲಿಯಾದಾಗ ಯಜಮಾನರ ಹತ್ತಿರ ಮುಂಗಡ ತೆಗೆದುಕೊಂಡರೆ ಮುಂದಿನ ತಿರುಗಾಟಕ್ಕೂ ಅದೇ ಮೇಳ ಅಂತಲೇ ಲೆಕ್ಕ.

ನಾನು ಒಂದು ದಡ್ಡ ಪ್ರಶ್ನೆ ಕೇಳಿದೆ. ಎಲ್ಲರೂ ಕೇಳುವಂಥದ್ದೇ. ನಗಿಸುವವರ ಒಳಗೆ ತುಂಬ ದುಃಖ ಇರುತ್ತದೆ ಅಂತಾರಲ್ಲ, ಹೌದಾ?

"ದುಃಖ ಎಂತದ್ದೂ ಇಲ್ಲ. ನಿದ್ದೆ ಇಲ್ಲ, ಅಷ್ಟೆ" ಅಂದರು. ಆಮೇಲೆ ಸ್ವಲ್ಪ ಹೊತ್ತು ಬಿಟ್ಟು, ಮಗಳು ಸಣ್ಣವಳಿದ್ದಾಗ ಶಾಲೆಯಲ್ಲಿ "ನಿನ್ನ ಅಪ್ಪ ಎಂತ ಮಾಡ್ತಾರೆ?" ಅಂತ ಟೀಚರ್ ಕೇಳಿದ್ದಕ್ಕೆ "ಮಲಗ್ತಾರೆ" ಅಂದಳಂತೆ. ಅವಳು ಮನೆಯಲ್ಲಿ ನೋಡಿದ್ದು ಅದನ್ನೇ. ಈ ಮಾತನ್ನು ಮಾರನೇ ದಿನವೇ ದೂತನ ಬಾಯಲ್ಲಿ ಹಾಕಿದರು. ಚೆನ್ನಾಗಿ ಹೋಯಿತಂತೆ.

ಚಿಟ್ಟಿ ಒಣಗುವ ತನಕ

ನಾನು ನನ್ನ ಚಂಡೆಯ ಸಿದ್ಧಾಂತ ಹೇಳಿದೆ. ಅವರು ಪೂರ್ತಿ ಒಪ್ಪಲಿಲ್ಲ. ಜನರನ್ನು ಎಬ್ಬಿಸುವುದು ಅರ್ಧ ಕೆಲಸ, ಇನ್ನರ್ಧ ಚೌಕಿಯಲ್ಲಿ ಉಂಟು ಅಂದರು. ರಕ್ಕಸರ ಬಣ್ಣದ ವೇಷಕ್ಕೆ ಮುಖದ ಮೇಲೆ ಅಕ್ಕಿಹಿಟ್ಟು, ಸುಣ್ಣ ಕಲಸಿ ಚಿಟ್ಟಿ ಇಡುತ್ತಾರೆ, ಸಣ್ಣ ಸಣ್ಣ ಮುಳ್ಳಿನ ಹಾಗೆ, ಒಂದೊಂದಾಗಿ. ಗಂಟೆಗಟ್ಟಲೆ ಹಿಡಿಯುವ ಕೆಲಸ ಅದು. ಕತೆ ಬೇಗ ಓಡಿ ರಕ್ಕಸ ಬರಬೇಕಾದ ಹೊತ್ತು ಬಂದೇಬಿಟ್ಟರೆ, ಒಳಗೆ ಚಿಟ್ಟಿ ಇನ್ನೂ ಒಣಗಿರುವುದಿಲ್ಲ. ಆಗ ಹಾಸ್ಯಗಾರನನ್ನು ಬಿಡುವುದು. ಪರದೆಯ ಸಂದಿಯಿಂದ ಕೈ ಸನ್ನೆ ಬರುತ್ತದೆ: ಎಳಿ. ಎಳೆಯಬೇಕು. ಹತ್ತು ನಿಮಿಷದ ದೂತ ಮುಕ್ಕಾಲು ಗಂಟೆ ಆಗುತ್ತಾನೆ. ಮತ್ತೊಂದು ದಿನ ಮೊದಲೇ ತಡವಾಗಿ ಬೆಳಕು ಹರಿಯಲು ಬಂದಿರುತ್ತದೆ, ಆಗಿನ ಸನ್ನೆ ಬೇರೆ: ಮುಗಿಸು. ಬಾಯಿಗೆ ಬಂದ ಒಳ್ಳೇ ಮಾತನ್ನು ನುಂಗಿ ಓಡಬೇಕು. ಅದಕ್ಕೇ ಹಾಸ್ಯಗಾರನಿಗೆ ಪ್ರಸಂಗ ಪೂರ್ತಿ ಗೊತ್ತಿರಬೇಕು, ಎಲ್ಲಿ ಸೇರಿದೆ, ಎಲ್ಲಿ ಬಿಟ್ಟುಹೋಗಿದೆ, ಯಾರು ತಯಾರು, ಯಾರು ಇನ್ನೂ ಗೆಜ್ಜೆ ಕಟ್ಟುತ್ತಿದ್ದಾರೆ. ಬಾಹುಕ, ಮಂಥರೆ, ಕಂಸನ ಅಗಸ, ಪುರೋಹಿತ, ಸಖಿ, ದೂತ ಎಲ್ಲ ಒಬ್ಬನದ್ದೇ ತಲೆಬಿಸಿ.

ಹೊತ್ತು ಎಷ್ಟಾಯಿತು ಅಂತ ಹೇಗೆ ತಿಳಿಯುತ್ತಿತ್ತು, ವೇಷದಲ್ಲಿ ಗಡಿಯಾರ ಇರುವುದಿಲ್ಲವಲ್ಲ ಅಂತ ಕೇಳಿದೆ. "ಕಡಲೆಯವನ ದೀಪ" ಅಂದರು. ಕಡಲೆಯವನು ವ್ಯಾಪಾರ ಇರುವ ತನಕ ಬತ್ತಿ ದೊಡ್ಡದು ಮಾಡಿರುತ್ತಾನೆ. ಸಣ್ಣದು ಮಾಡಿದ ಅಂದರೆ ಎರಡು ದಾಟಿತು. ಆರಿಸಿ ಬುಟ್ಟಿಯ ಪಕ್ಕ ಮಲಗಿದ ಅಂದರೆ ಮೂರು. "ಅವನು ಎದ್ದು ಮತ್ತೆ ದೀಪ ಹಚ್ಚಿದ ಅಂದ್ರೆ ಅವತ್ತು ನನ್ನ ಹಾಸ್ಯ ಗೆದ್ದಿತು. ಎದ್ದವರಿಗೆ ಹಸಿವಾಗ್ತದಲ್ಲ."

ಇದನ್ನೆಲ್ಲ ಕೇಳಿದ ಮೇಲೆ ನನಗೆ ಆ ವಿಡಿಯೊ ಯಾಕೆ ಸಪ್ಪೆ ಅನ್ನಿಸಿತು ಅನ್ನುವುದು ಗೊತ್ತಾಗುತ್ತಾ ಬಂತು. ಮಾತು ಹಳತಾದದ್ದಲ್ಲ. ಆ ಮಾತಿಗೆ ಬೇಕಾದ ಸಾಮಾನು ಮಲಗಿದ ಜನ. ಅವರು ಇಲ್ಲದಿದ್ದರೆ "ನಿದ್ದೆ ಮಾಡ್ತಾ ಇದ್ದಾರೆ" ಅನ್ನುವುದು ಒಂದು ಸಾಧಾರಣ ಕೊಂಕು. ಕುಂಜಾಲು ರಾಮಕೃಷ್ಣ, ಮಿಜಾರು ಅಣ್ಣಪ್ಪ, ವಿಟ್ಲ ಜೋಷಿ ಅಂತ ಹಿರಿಯರು ಹಳೆಯ ಹಾಸ್ಯಗಾರರ ಹೆಸರು ಹೇಳಿ ಕಣ್ಣರಳಿಸುತ್ತಾರೆ. ಏನು ಹೇಳಿದ್ದರು ಅಂತ ಕೇಳಿದರೆ ಎರಡು ಮಾತು ಹೇಳಿ, "ಛೆ, ಅದನ್ನು ಅಲ್ಲೇ ಕೇಳಬೇಕು" ಅಂತ ನಿಲ್ಲಿಸುತ್ತಾರೆ. ಹಿಂದೆ ಅದು ಮುದುಕರ ನೆಪ ಅಂದುಕೊಂಡಿದ್ದೆ. ಚಿಟ್ಟಾಣಿ ರಾಮಚಂದ್ರ ಹೆಗಡೆಯವರಿಗೆ 2012ರಲ್ಲಿ ಯಕ್ಷಗಾನದ ಮೊದಲ ಪದ್ಮಶ್ರೀ ಬಂತು. ಅವರ ಕೀಚಕನನ್ನೋ ಭಸ್ಮಾಸುರನನ್ನೋ ವಿಡಿಯೊದಲ್ಲಿ ನೋಡಿದರೆ ಇವತ್ತಿಗೂ ರೋಮ ನಿಲ್ಲುತ್ತದೆ. ಕುಣಿತ ವಿಡಿಯೊದೊಳಗೆ ಬರುತ್ತದೆ. ಹಾಸ್ಯ ಬರುವಾಗ ಅರ್ಧ ಹೊರಗೇ ಉಳಿದುಬಿಡುತ್ತದೆ.

ಹಾಗಂತ ಹಳೆಯ ಹಾಸ್ಯ ಎಲ್ಲ ಬಂಗಾರ ಅಂತ ಹೇಳುವುದಿಲ್ಲ. ಐದನೇ ಕ್ಲಾಸಿನ ನಾನು ತೊದಲುವ ಬ್ರಾಹ್ಮಣನಿಗೆ, ದಪ್ಪಗಿನ ಸಖಿಗೆ, ಕುಂಟುವ ಮುದುಕನಿಗೆ ಕೂಡ ಅಷ್ಟೇ ನಕ್ಕಿದ್ದೇನೆ. ನಮ್ಮ ಕ್ಲಾಸಿನಲ್ಲಿ ತೊದಲುವ ಹುಡುಗ ಒಬ್ಬನಿದ್ದ. ಆಟದ ಮಾರನೇ ದಿನ ಅವನ ಪಾಡು ಏನಾಗುತ್ತಿತ್ತು ಅಂತ ನೆನೆದರೆ ಈಗ ಹಿಂಸೆಯಾಗುತ್ತದೆ. ಎರಡರ್ಥದ ಮಾತು ಬಂದಾಗ ಅಮ್ಮ ಬೇರೆ ಕಡೆ ನೋಡುತ್ತಿದ್ದರು. ಇದನ್ನೂ ಅವರಿಗೆ ಹೇಳಿದೆ. ವಾದ ಮಾಡಲಿಲ್ಲ. ಜನ ಏಳದಿದ್ದರೆ ಕೈಗೆ ಸಿಕ್ಕಿದ ಕಲ್ಲು ಬಿಸಾಡಿದ್ದು ಉಂಟು, ಅಂದರು. ಇಷ್ಟೇ ಹೇಳಿ ಎಣ್ಣೆ ಬಟ್ಟೆ ಮಡಚಿಟ್ಟರು.

ಹತ್ತು ಗಂಟೆ

ಕಾಲಮಿತಿಯನ್ನು ಬಯ್ಯುವುದು ಸುಲಭ, ಅದರಲ್ಲೂ ಬೆಂಗಳೂರಿನಲ್ಲಿ ಕೂತು ವರ್ಷಕ್ಕೊಂದು ಆಟ ನೋಡುವ ನನ್ನಂಥವನಿಗೆ. 2000ದ ಶಬ್ದಮಾಲಿನ್ಯ ನಿಯಮದ ಪ್ರಕಾರ ರಾತ್ರಿ ಹತ್ತರಿಂದ ಬೆಳಿಗ್ಗೆ ಆರರವರೆಗೆ ಬಯಲಲ್ಲಿ ಧ್ವನಿವರ್ಧಕ ಹಾಕುವಂತಿಲ್ಲ. ಹಬ್ಬದಂಥ ಸಂದರ್ಭಕ್ಕೆ ಸರ್ಕಾರ ಹನ್ನೆರಡರ ತನಕ ಬಿಡಬಹುದು, ಅದೂ ವರ್ಷಕ್ಕೆ ಹದಿನೈದು ದಿನ ಮೀರದಂತೆ. ನೂರ ಎಂಬತ್ತು ರಾತ್ರಿಯ ಮೇಳಕ್ಕೆ ಹದಿನೈದು ದಿನ ಎಲ್ಲಿ ಸಾಕು? ಕಟೀಲು ದೇವಸ್ಥಾನದ ಮೇಳಗಳ ಹರಕೆ ಆಟಕ್ಕೆ ಹೆಸರು ಕೊಟ್ಟು ವರ್ಷಗಟ್ಟಲೆ ಕಾಯುವವರಿದ್ದಾರೆ. 2022ರಲ್ಲಿ ಅಲ್ಲಿಯ ಮೇಳಗಳು ಕಾಲಮಿತಿಗೆ ಹೊರಟಾಗ, ರಾತ್ರಿ ಪೂರ್ತಿ ಆಟವೇ ಬೇಕು ಅಂತ ಭಕ್ತರು ಪಾದಯಾತ್ರೆಯನ್ನೇ ಮಾಡಿದರು. ಇನ್ನೊಂದು ಕಡೆಯಿಂದ ನೋಡಿದರೆ, ಆಟದ ಪಕ್ಕದ ಮನೆಯಲ್ಲಿ ಪರೀಕ್ಷೆಗೆ ಓದುವ ಮಗು ಇದೆ, ಹಾಸಿಗೆ ಹಿಡಿದ ಅಜ್ಜಿ ಇದ್ದಾರೆ. ಮರುದಿನ ಕೆಲಸಕ್ಕೆ ಹೋಗುವವರು ಬೆಳಗಿನ ತನಕ ಕೂರಲು ಬರುವುದೂ ಇಲ್ಲ. ಕಡಿಮೆ ಹೊತ್ತಿನ ಆಟ ಹೊಸತೂ ಅಲ್ಲ, ಉತ್ತರದ ಶೈಲಿಯಾದ ಬಡಗಿನಲ್ಲಿ ಕೆರೆಮನೆ ಮೇಳದವರು ಎಷ್ಟೋ ಮೊದಲೇ ಬಿಗಿಯಾಗಿ ಕಟ್ಟಿದ ಪ್ರಯೋಗ ಮಾಡಿ ತೋರಿಸಿದ್ದಾರೆ.

ಹಾಸ್ಯಗಾರರನ್ನೇ ಕೇಳಿದೆ. ಅವರು ಬೇಸರ ಮಾಡಿಕೊಳ್ಳುತ್ತಾರೆ ಅಂದುಕೊಂಡಿದ್ದೆ. "ಒಳ್ಳೇದೇ ಆಯ್ತು. ಈಗ ರಾತ್ರಿ ಮನೆಗೆ ಹೋಗಿ ಮಲಗ್ತೇನೆ. ಹೊಟ್ಟೆ ಸರಿಯಾಯ್ತು, ಗಂಟಲು ಸರಿಯಾಯ್ತು. ಹೊಸ ಹುಡುಗರ ಮಕ್ಕಳಿಗೆ ಅಪ್ಪನ ಮುಖ ಗೊತ್ತುಂಟು." ಹಾಸ್ಯಕ್ಕೆ? "ಹಾಸ್ಯಕ್ಕೆ ಹತ್ತು ನಿಮಿಷ ಕೊಡ್ತಾರೆ. ಎಳೀಲಿಕ್ಕೂ ಇಲ್ಲ, ನುಂಗ್ಲಿಕ್ಕೂ ಇಲ್ಲ."

ಅವರ ನಿಜವಾದ ತಕರಾರು ಫೋನಿನ ಮೇಲೆ. ಹಿಂದೆ ಒಂದು ಒಳ್ಳೇ ಮಾತು ಹುಟ್ಟಿದರೆ ಎರಡು ತಿರುಗಾಟಕ್ಕೆ ಬರುತ್ತಿತ್ತು. ದಿನಕ್ಕೊಂದು ಊರು, ದಿನಕ್ಕೊಂದು ಸಭೆ, ಅವರಿಗೆ ಅದು ಹೊಸತು. ಹೇಳಿ ಹೇಳಿ ಆ ಮಾತು ಹದಕ್ಕೆ ಬರುತ್ತಿತ್ತು, ಎಲ್ಲಿ ನಿಲ್ಲಬೇಕು, ಎಲ್ಲಿ ಕಣ್ಣು ಎತ್ತಬೇಕು ಅಂತ ನಲವತ್ತನೇ ರಾತ್ರಿಗೆ ಗೊತ್ತಾಗುತ್ತಿತ್ತು. ಈಗ ಮೊದಲ ರಾತ್ರಿ ಹೇಳಿದ್ದು ಬೆಳಿಗ್ಗೆ ಮುಂದಿನ ಊರಿನವರ ಫೋನಿನಲ್ಲಿ ಇರುತ್ತದೆ. ಹಸಿಯಾಗಿರುವಾಗಲೇ ಹಳತಾಗುತ್ತದೆ. ಕೆಲವು ಸಲ ಇವರು ಬಾಯಿ ತೆರೆಯುವ ಮೊದಲು ಮುಂದಿನ ಸಾಲಿನ ಹುಡುಗರು ಆ ಮಾತು ಹೇಳಿಬಿಡುತ್ತಾರಂತೆ. ಎಂತ ಮಾಡುತ್ತೀರಿ ಆಗ ಅಂತ ಕೇಳಿದೆ. "ನಮಸ್ಕಾರ ಮಾಡಿ, ಟೊಪ್ಪಿ ತೆಗೆದು ಅವನ ಕಡೆ ಹಿಡೀತೇನೆ." ಅದರ ವಿಡಿಯೊ ಕೂಡ ಉಂಟಂತೆ.

ಈ ವರ್ಷದ ಏಪ್ರಿಲ್‌ನಲ್ಲಿ ಅವರೇ ಫೋನ್ ಮಾಡಿದರು. ಘಟ್ಟದ ಬುಡದ ಒಂದು ಹಳ್ಳಿಯಲ್ಲಿ ರಾತ್ರಿ ಪೂರ್ತಿ ಆಟ ಉಂಟು, ಹತ್ತಾದ ಮೇಲೆ ಮೈಕು ತೀರಾ ಸಣ್ಣದು ಮಾಡುತ್ತಾರೆ, ಬರುವುದಾದರೆ ಬನ್ನಿ ಅಂದರು. ಹೋದೆ. ಹೊರಡುವಾಗ ಹೆಂಡತಿ, ಥರ್ಮಾಸಿನಲ್ಲಿ ಕಾಫಿ ಕೊಡಲಾ ಅಂದಳು. ಬೇಡ ಅಂದೆ. ಈ ಸಲ ಎಚ್ಚರ ಇರುವ ಹಟ ಇರಲಿಲ್ಲ, ಉಲ್ಟಾ. ಚೆನ್ನಾಗಿ ನಿದ್ದೆ ಬರಲಿ ಅಂತಲೇ ಹೋದದ್ದು. ಆದರೆ ಬೇಕು ಅಂದಾಗ ಬರುತ್ತದಾ ಅದು? ಹನ್ನೆರಡಾಯಿತು, ಒಂದಾಯಿತು. ನಲವತ್ತು ದಾಟಿದ ಬೆನ್ನಿಗೆ ಚಾಪೆ ಒಗ್ಗಲಿಲ್ಲ. ಫೋನನ್ನು ಎರಡು ಸಲ ತೆಗೆದು ನೋಡಿ, ಮೂರನೇ ಸಲ ಕಾರಿನಲ್ಲಿಟ್ಟು ಬಂದೆ. ಜನ ತುಂಬ ಇರಲಿಲ್ಲ. ಪಕ್ಕದಲ್ಲಿ ಒಬ್ಬ ಅಜ್ಜಿ ಮೊಮ್ಮಗನನ್ನು ಕಾಲ ಮೇಲೆ ಮಲಗಿಸಿಕೊಂಡು ಕೂತಲ್ಲೇ ತೂಕಡಿಸುತ್ತಿದ್ದರು. ಎರಡು ರಾಜರ ನಡುವೆ ಉದ್ದದ ಯುದ್ಧ ಶುರುವಾಯಿತು. ಚಂಡೆಯ ಹುಡುಗ ಚೆನ್ನಾಗಿ ಬಾರಿಸುತ್ತಿದ್ದ, ಮೈಕ್ ಇಲ್ಲದೆಯೂ ಎದೆಗೆ ಬಡಿಯುತ್ತಿತ್ತು. ಅವನ ಕೈ ನೋಡುತ್ತಾ ಇದ್ದೆ, ಅಷ್ಟೇ ನೆನಪು.

ಕಣ್ಣು ಬಿಟ್ಟಾಗ ಮೇಲೆ ಅಡಿಕೆ ಮರದ ತಲೆಗಳು. ಮುಖ ಒದ್ದೆಯಾಗಿತ್ತು. ಯಾರೋ ಕೆಮ್ಮಿದರು.

ಬೆಳಿಗ್ಗೆ ಚೌಕಿಗೆ ಹೋದಾಗ ಅವರು ಕಿವಿಯ ಹಿಂದಿನ ಬಣ್ಣ ಉಜ್ಜುತ್ತಿದ್ದರು. ನನ್ನನ್ನು ನೋಡಿದ್ದೇ ಕೇಳಿದರು, "ಮಲಗಿದ್ರಿ ಅಲ್ವಾ? ಕಾಣ್ತಿತ್ತು. ಎಲ್ಲಿ ಎಚ್ಚರ ಆಯ್ತು, ಆಕಳಿಕೆಗಾ, ಮಾತಿಗಾ?"

"ಅದಕ್ಕೂ ಮೊದಲು. ನೀವು ಬರುವುದಕ್ಕಿಂತಲೂ ಸ್ವಲ್ಪ ಮೊದಲು."

ಅವರು ಬಟ್ಟೆ ಕೆಳಗಿಟ್ಟು, ಆ ಕಡೆ ಚಂಡೆಗೆ ಬಟ್ಟೆ ಸುತ್ತುತ್ತಿದ್ದ ಹುಡುಗನನ್ನು ಕರೆದರು.

"ಏ ಮಾಣಿ, ಇವರು ನಿನ್ನನ್ನು ನೋಡ್ಲಿಕ್ಕೆ ಬಂದದ್ದಂತೆ."